ನೈಟ್ ಮೇಲ್ (1936): ಪ್ರಯಾಣಿಕರೇ ಇಲ್ಲದ ಒಂದು ರಾತ್ರಿ ರೈಲು. ನೋಡಿದವರು ಬನ್ನಿ, ಮಾತಾಡೋಣ

ಹಳಿಪಕ್ಕದವನು

ಎಲ್ಲರಿಗೂ ನಮಸ್ಕಾರ. ಒಂದೇ ಒಂದು ಚಿತ್ರದ ಬಗ್ಗೆ ಮಾತಾಡಲಿಕ್ಕೆ ಈ ಚರ್ಚೆ ಶುರು ಮಾಡುತ್ತಿದ್ದೇನೆ. ‘ನೈಟ್ ಮೇಲ್’. ಬ್ರಿಟನ್ನಿನ ಅಂಚೆ ಇಲಾಖೆ ತನ್ನದೇ ಫಿಲ್ಮ್ ಯೂನಿಟ್‌ನಿಂದ 1936ರಲ್ಲಿ ಹೊರತಂದ ಸಾಕ್ಷ್ಯಚಿತ್ರ. ಕಪ್ಪು ಬಿಳುಪು, ಸುಮಾರು 24 ನಿಮಿಷ. ಮಾಡಿದವರು ಹ್ಯಾರಿ ವಾಟ್ ಮತ್ತು ಬೇಸಿಲ್ ರೈಟ್. ಯೂನಿಟ್‌ನ ಯಜಮಾನ ಜಾನ್ ಗ್ರಿಯರ್ಸನ್.

ನೋಡದವರಿಗಾಗಿ ಸ್ವಲ್ಪ ಹೇಳುತ್ತೇನೆ. ರಾತ್ರಿ 8.30ಕ್ಕೆ ಲಂಡನ್ನಿನ ಯೂಸ್ಟನ್ ನಿಲ್ದಾಣದಿಂದ ಒಂದು ರೈಲು ಹೊರಡುತ್ತದೆ. ಸ್ಕಾಟ್ಲೆಂಡಿನ ಗ್ಲಾಸ್ಗೋ, ಎಡಿನ್‌ಬರೋ, ಅಬರ್ಡೀನ್ ಊರುಗಳ ಟಪಾಲು ಅದರಲ್ಲಿದೆ. ಪ್ರಯಾಣಿಕರು ಒಬ್ಬರೂ ಇಲ್ಲ. ಇರುವವರು 40 ಜನ ಅಂಚೆ ನೌಕರರು. ಬೆಳಗಾಗುವಷ್ಟರಲ್ಲಿ 5 ಲಕ್ಷ ಕಾಗದ ಆ ಗಾಡಿಯಲ್ಲಿ ಹತ್ತಿ, ಇಳಿದು, ವಿಂಗಡವಾಗಿರುತ್ತದೆ. ಅಷ್ಟೇ ಕಥೆ. ಕಳ್ಳ ಇಲ್ಲ, ಅಪಘಾತ ಇಲ್ಲ. ಆದರೂ ಕಣ್ಣು ಕೀಳಲಿಕ್ಕೆ ಆಗುವುದಿಲ್ಲ.

ನಾನು ಚರ್ಚೆಗೆ ತರಬೇಕೆಂದಿರುವುದು ಒಂದು ವಿಷಯ. ಕಾಗದ ವಿಂಗಡಿಸುವ ಡಬ್ಬಿಯ ಒಳಗಿನ ದೃಶ್ಯಗಳನ್ನು ಓಡುವ ರೈಲಿನಲ್ಲಿ ತೆಗೆದಿಲ್ಲ. ಬ್ಲ್ಯಾಕ್‌ಹೀತ್ ಅನ್ನುವ ಕಡೆ ಯೂನಿಟ್‌ನ ಸ್ಟುಡಿಯೋದಲ್ಲಿ ಸೆಟ್ ಹಾಕಿ ತೆಗೆದರು. ಗಾಡಿ ಓಡುತ್ತಿದೆ ಅನ್ನಿಸಲಿ ಅಂತ ನೌಕರರಿಗೆ ನಿಂತಲ್ಲೇ ಮೈ ತೂಗಾಡಿಸಲು ಹೇಳಿದರು. ಇದು ಗೊತ್ತಾದ ಮೇಲೆ ಕೆಲವರು ‘ಇದೆಂಥ ಸಾಕ್ಷ್ಯಚಿತ್ರ, ನಾಟಕ ಅಲ್ವಾ’ ಅನ್ನುತ್ತಾರೆ. ನನಗೆ ಹಾಗೆ ಅನ್ನಿಸುವುದಿಲ್ಲ. ಅಲ್ಲಿ ನಿಂತವರು ನಟರಲ್ಲ, ಅದೇ ಕೆಲಸ ಮಾಡುವ ಅಂಚೆಯವರು. ಕಾಗದ ಹಿಡಿಯುವ ರೀತಿ, ವಿಳಾಸ ಓದಿದ ಕ್ಷಣದಲ್ಲೇ ಗೂಡಿನ ಕಡೆ ಹೋಗುವ ಕೈ, ಇದನ್ನು ಯಾರಿಗೂ ಹೇಳಿಕೊಟ್ಟು ಮಾಡಿಸಲು ಆಗುವುದಿಲ್ಲ. ನಿಮ್ಮ ಅಭಿಪ್ರಾಯ ಬರೆಯಿರಿ.

ಬೀರೂರು ಜಂಕ್ಷನ್

ಒಳ್ಳೆ ಚಿತ್ರ ಎತ್ತಿಕೊಂಡಿದ್ದೀರಿ. ಸೆಟ್ ಹಾಕಿದ್ದಕ್ಕೆ ಕಾರಣ ಬಹಳ ಸರಳ. ಆಗಿನ ಕ್ಯಾಮೆರಾ ದೊಡ್ಡದು, ಧ್ವನಿ ಹಿಡಿಯುವ ಯಂತ್ರ ಇನ್ನೂ ದೊಡ್ಡದು. ರಾತ್ರಿ ಹೊತ್ತು ಡಬ್ಬಿಯೊಳಗೆ ಫಿಲ್ಮಿಗೆ ಸಾಲುವಷ್ಟು ಬೆಳಕು ಎಲ್ಲಿಂದ ತರುವುದು? ಅದು ಕೆಲಸ ನಡೆಯುತ್ತಿರುವ ಗಾಡಿ ಬೇರೆ. ನೌಕರರ ಮಧ್ಯೆ ದೀಪದ ಕಂಬ ನಿಲ್ಲಿಸಿದರೆ ಟಪಾಲು ನಿಂತುಹೋಗುತ್ತದೆ.

ನನಗೆ ತುಂಬಾ ಹಿಡಿಸಿದ್ದು ಚೀಲ ಎಸೆಯುವ ಭಾಗ. ಗಾಡಿ ಪೂರ್ತಿ ವೇಗದಲ್ಲಿದೆ. ಬಾಗಿಲ ಬಳಿ ನಿಂತವನು ದಪ್ಪ ಚರ್ಮದ ಹೊದಿಕೆಯಲ್ಲಿ ಟಪಾಲು ಚೀಲವನ್ನು ಬಿಗಿದು ಕಟ್ಟಿ, ಡಬ್ಬಿಯ ಹೊರಗೆ ಚಾಚುವ ಕಬ್ಬಿಣದ ತೋಳಿಗೆ ನೇತುಹಾಕುತ್ತಾನೆ. ಹಳಿಯ ಪಕ್ಕ ಒಂದು ಬಲೆ ಇರುತ್ತದೆ. ಗಾಡಿ ದಾಟುವಾಗ ಚೀಲ ಆ ಬಲೆಗೆ ಬೀಳುತ್ತದೆ. ಹಾಗೆಯೇ ಡಬ್ಬಿಯಿಂದಲೂ ಒಂದು ಬಲೆ ಹೊರಕ್ಕೆ ಚಾಚಿಕೊಳ್ಳುತ್ತದೆ. ಹಳಿ ಪಕ್ಕದ ಕಂಬಕ್ಕೆ ಕಟ್ಟಿದ ಚೀಲವನ್ನು ಅದು ಕಿತ್ತುಕೊಂಡು ಬರುತ್ತದೆ. ಧಡಾರ್ ಅಂತ ಚೀಲ ಒಳಗೆ ಬೀಳುತ್ತದೆ.

ಹೊರಗೆ ಕತ್ತಲು. ಬಲೆ ಎಲ್ಲಿದೆ ಅಂತ ಕಾಣುವುದಿಲ್ಲ. ಹಾಗಾದರೆ ತೋಳು ಯಾವಾಗ ಹೊರಗೆ ಹಾಕಬೇಕು? ಹೊಸ ಹುಡುಗನಿಗೆ ಹಿರಿಯ ಹೇಳಿಕೊಡುತ್ತಾನೆ: ಎರಡು ಸೇತುವೆ ದಾಟಲಿ, ಆಮೇಲೆ 45 ಬಡಿತ ಎಣಿಸು. ಚಕ್ರ ಹಳಿಯ ಜೋಡಣೆ ದಾಟುವಾಗ ಬರುವ ಸದ್ದೇ ಆ ಬಡಿತ. ಹುಡುಗ ಮಧ್ಯದಲ್ಲೇ ಆತುರಪಡುತ್ತಾನೆ, ಹಿರಿಯ ತಡೆಯುತ್ತಾನೆ. ಹಳಿಯ ಒಂದೊಂದು ತುಂಡು 60 ಅಡಿ ಅಂತ ಇಟ್ಟುಕೊಂಡರೆ 45 ಬಡಿತ ಅಂದರೆ ಹೆಚ್ಚುಕಡಿಮೆ ಅರ್ಧ ಮೈಲಿ. ಗಂಟೆಗೆ 60 ಮೈಲಿ ವೇಗದಲ್ಲಿ ಅರ್ಧ ನಿಮಿಷದ ಲೆಕ್ಕ. ಈಗ ಹಳಿಗಳನ್ನು ಉದ್ದಕ್ಕೂ ಬೆಸೆದುಬಿಡುತ್ತಾರೆ. ಆ ಸದ್ದೇ ಇಲ್ಲ, ಎಣಿಸಲಿಕ್ಕೂ ಏನಿಲ್ಲ.

ಟಪಾಲು ಸಾರ್ಟರ್ ಮಗಳು

ನಾನು ಇಲ್ಲಿ ಬರೆಯುವುದು ಕಡಿಮೆ. ಆದರೆ ಈ ವಿಷಯ ನೋಡಿ ಸುಮ್ನೆ ಇರಲಿಕ್ಕೆ ಆಗಲಿಲ್ಲ.

ನಮ್ಮ ಅಪ್ಪ ಆರ್‌ಎಂಎಸ್‌ನಲ್ಲಿ ಸಾರ್ಟರ್ ಆಗಿದ್ದರು. ರೈಲ್ವೆ ಮೇಲ್ ಸರ್ವಿಸ್. ಹೊಸಬರಿಗೆ ಗೊತ್ತಿರಲಿಕ್ಕಿಲ್ಲ. ನಮ್ಮ ದೇಶದಲ್ಲೂ ರೈಲಿನಲ್ಲಿ ಕಾಗದ ವಿಂಗಡಿಸುವ ಕೆಲಸ 1863ರಿಂದಲೇ ಇತ್ತು. ಮೊದಲು ಶುರುವಾದದ್ದು ಅಲಹಾಬಾದ್ ಮತ್ತು ಕಾನ್ಪುರದ ನಡುವೆ. ಕರ್ನಾಟಕದಲ್ಲಿ ಈಗಲೂ ಬೆಂಗಳೂರಿನ ‘ಕ್ಯೂ’ ಡಿವಿಷನ್, ಹುಬ್ಬಳ್ಳಿಯ ‘ಎಚ್‌ಬಿ’ ಡಿವಿಷನ್ ಇವೆ.

ಅಪ್ಪ ಹೋಗುತ್ತಿದ್ದದ್ದು ಹುಬ್ಬಳ್ಳಿ ಕಡೆಯ ರಾತ್ರಿ ಗಾಡಿಯಲ್ಲಿ. ಮನೆಯಲ್ಲಿ ‘ಇವತ್ತು ಅಪ್ಪಂಗೆ ಸೆಕ್ಷನ್’ ಅನ್ನುತ್ತಿದ್ದೆವು. ಸೆಕ್ಷನ್ ಅಂದರೆ ಟಪಾಲು ಡಬ್ಬಿ ಓಡುವ ದಾರಿ. ತಂಡಕ್ಕೆ ‘ಸೆಟ್’ ಅಂತ ಹೆಸರು. ಮುಖ್ಯಸ್ಥನಿಗೆ ಹೆಡ್ ಸಾರ್ಟರ್. ಡಬ್ಬಿಯ ಒಂದು ಗೋಡೆಗೆ ಪೂರ್ತಿ ಗೂಡುಗಳು. ಚೀಲ ಬಿಚ್ಚಿ, ಕಟ್ಟು ಒಡೆದು, ಕಾಗದ ಹಂಚಿ, ಮತ್ತೆ ಕಟ್ಟು ಕಟ್ಟಿ, ಚೀಲಕ್ಕೆ ಹಾಕಿ, ಅರಗಿನ ಮುದ್ರೆ ಒತ್ತಿ, ಮುಂದಿನ ಸ್ಟೇಷನ್ನಿನಲ್ಲಿ ಇಳಿಸಬೇಕು. ಗಾಡಿ ಅಲ್ಲಿಗೆ ತಲುಪುವುದರೊಳಗೆ ಆ ಊರಿನ ಚೀಲ ಸಿದ್ಧ ಇರಲೇಬೇಕು. ಯಾವ ಹಳ್ಳಿಯ ಟಪಾಲು ಯಾವ ಆಫೀಸಿಗೆ ಸೇರುತ್ತದೆ ಅನ್ನುವುದೆಲ್ಲ ಬಾಯಿಪಾಠ. ನಾವು ಮಕ್ಕಳು ಯಾವುದೋ ಹಳ್ಳಿ ಹೆಸರು ಕೂಗುತ್ತಿದ್ದೆವು. ಅಪ್ಪ ಊಟ ಮಾಡುತ್ತಲೇ ಅದರ ತಾಲ್ಲೂಕು, ಅದರ ದೊಡ್ಡ ಆಫೀಸು ಹೇಳಿಬಿಡುತ್ತಿದ್ದರು.

ಈ ಚಿತ್ರವನ್ನು ಅಪ್ಪನಿಗೆ ತೋರಿಸಿದ್ದೆ. ಅವರಿಗೆ ಇಂಗ್ಲಿಷ್ ಮಾತು ಪೂರ್ತಿ ತಿಳಿಯಲಿಲ್ಲ, ಆ ಉಚ್ಚಾರಣೆ ಬೇರೆ. ಆದರೆ ವಿಂಗಡಿಸುವ ದೃಶ್ಯ ಬಂದಾಗ ಕುರ್ಚಿ ಮುಂದಕ್ಕೆ ಎಳೆದುಕೊಂಡರು. ‘ನೋಡು, ಅವನು ಕಾಗದ ನೋಡ್ತಾನೆ, ಗೂಡು ನೋಡಲ್ಲ’ ಅಂದರು. ಅದು ಸ್ಟುಡಿಯೋದಲ್ಲಿ ಹಾಕಿದ ಸೆಟ್ ಅಂತ ಹೇಳಿದಾಗ ಅವರಿಗೆ ಅದು ದೊಡ್ಡ ವಿಷಯ ಅನ್ನಿಸಲೇ ಇಲ್ಲ. ‘ಗಾಡಿ ಸುಳ್ಳಿರಬಹುದು, ಕೈ ಸುಳ್ಳಲ್ಲ’ ಅಂದರು.

ಹಳಿಪಕ್ಕದವನು

ಅಕ್ಕ, ನಾನು ಅಷ್ಟುದ್ದ ಬರೆದದ್ದನ್ನು ನಿಮ್ಮ ತಂದೆ ಒಂದೇ ಮಾತಿನಲ್ಲಿ ಹೇಳಿದ್ದಾರೆ. ದಯವಿಟ್ಟು ಅವರ ಅನುಭವ ಇನ್ನಷ್ಟು ಬರೆಯಿರಿ.

ಕೆಂಪುದೀಪ

ನನ್ನದು ಸ್ವಲ್ಪ ಬೇರೆ ಅಭಿಪ್ರಾಯ. ಚಿತ್ರ ಚೆಂದ ಇದೆ, ಒಪ್ಪುತ್ತೇನೆ. ಆದರೆ ಇದನ್ನು ಮಾಡಿಸಿದ್ದು ಯಾರು? ಅದೇ ಇಲಾಖೆ. ಯಾಕೆ? ತನ್ನ ಕೆಲಸ ಎಷ್ಟು ಚುರುಕಾಗಿದೆ ಅಂತ ಜನರಿಗೆ ತೋರಿಸಲು. ಹಾಗಾಗಿ ಅಲ್ಲಿ ಸುಸ್ತಾದ ಮುಖ ಇಲ್ಲ, ಸಂಬಳದ ಮಾತಿಲ್ಲ, ರಾತ್ರಿ ಪಾಳಿಯಿಂದ ಮನೆಯಲ್ಲಿ ಏನಾಗುತ್ತದೆ ಅನ್ನುವುದಿಲ್ಲ. ಎಲ್ಲರೂ ತಮಾಷೆ ಮಾಡಿಕೊಂಡು, ಚಹಾ ಕುಡಿದುಕೊಂಡು ಕೆಲಸ ಮುಗಿಸುತ್ತಾರೆ.

ಇದು ನನ್ನೊಬ್ಬನ ತಕರಾರಲ್ಲ. ಚಿತ್ರಕ್ಕೆ ಪದ್ಯ ಬರೆದ ಕವಿ ಡಬ್ಲ್ಯು. ಎಚ್. ಆಡನ್ ಆಗ ಅದೇ ಯೂನಿಟ್‌ನಲ್ಲಿ ಕೆಲಸಕ್ಕಿದ್ದರು. ಅದೇ 1936ರಲ್ಲಿ ಅವರು ಒಂದು ಪುಸ್ತಕದ ವಿಮರ್ಶೆ ಬರೆಯುತ್ತಾ ಇದೇ ಪ್ರಶ್ನೆ ಎತ್ತಿದರು. ಸಾಕ್ಷ್ಯಚಿತ್ರ ಮಾಡುವವರು ಹೆಚ್ಚಾಗಿ ಅನುಕೂಲಸ್ಥ ಮನೆತನದವರು. ಕಾರ್ಮಿಕರ ಬದುಕನ್ನು ಅವರು ನಿಜವಾಗಿ ತಿಳಿದು ತೋರಿಸಬಲ್ಲರೇ? ಅಲ್ಲಿಗೆ ಸ್ವಲ್ಪ ಕಾಲದಲ್ಲೇ ಅವರು ಯೂನಿಟ್ ಬಿಟ್ಟರು. ಒಳಗಿದ್ದವರಿಗೇ ಈ ಅನುಮಾನ ಇತ್ತು ಅನ್ನುವುದನ್ನು ನಾವು ಮರೆಯಬಾರದು.

ಸೆಟ್ ಹಾಕಿದ್ದು ನನಗೆ ತೊಂದರೆ ಅಲ್ಲ. ಏನು ಬಿಟ್ಟರು ಅನ್ನುವುದು ತೊಂದರೆ.

ಟಪಾಲು ಸಾರ್ಟರ್ ಮಗಳು

ಕೆಂಪುದೀಪ ಅವರೇ, ನೀವು ಹೇಳುವುದು ನಿಜ. ರಾತ್ರಿಯಿಡೀ ನಿಂತು ಅಪ್ಪನ ಕಾಲು ಊದಿಕೊಳ್ಳುತ್ತಿತ್ತು. ಬೆಳಿಗ್ಗೆ ಆ ಊರಿನ ರೆಸ್ಟ್ ಹೌಸ್‌ನಲ್ಲಿ ತಾವೇ ಅಡುಗೆ ಮಾಡಿಕೊಂಡು, ಹಗಲು ನಿದ್ದೆ ಮಾಡಿ, ಮತ್ತೆ ಅದೇ ರಾತ್ರಿ ವಾಪಸ್ ಗಾಡಿ. ಹಬ್ಬಕ್ಕೆ ಇರುತ್ತಾರೋ ಇಲ್ಲವೋ ಅನ್ನುವುದು ಪಾಳಿ ಪಟ್ಟಿ ನೋಡಿದ ಮೇಲೇ ಗೊತ್ತಾಗುತ್ತಿತ್ತು. ಹೊಸ ವರ್ಷದ ಗ್ರೀಟಿಂಗ್ ಕಾರ್ಡ್ ಕಾಲದಲ್ಲಂತೂ ಡಬ್ಬಿಯಲ್ಲಿ ಕಾಲಿಡಲು ಜಾಗ ಇರುತ್ತಿರಲಿಲ್ಲವಂತೆ. ಇದು ಯಾವುದೂ ಈ ಚಿತ್ರದಲ್ಲಿ ಇಲ್ಲ.

ಆದರೆ ಇನ್ನೊಂದು ಮಾತು ಹೇಳುತ್ತೇನೆ. ಅಪ್ಪ ಏನು ಕೆಲಸ ಮಾಡುತ್ತಾರೆ ಅಂತ ನನ್ನ ಶಾಲೆಯಲ್ಲಿ ಯಾರಿಗೂ ತಿಳಿಯುತ್ತಿರಲಿಲ್ಲ. ‘ಪೋಸ್ಟ್‌ಮ್ಯಾನಾ?’ ಅನ್ನುತ್ತಿದ್ದರು. ‘ಅಲ್ಲ, ರೈಲಿನಲ್ಲಿ’ ಅಂದರೆ ‘ಟಿಕೆಟ್ ಚೆಕ್ ಮಾಡ್ತಾರಾ?’ ಅನ್ನುತ್ತಿದ್ದರು. ಬಾಗಿಲು ಹಾಕಿದ ಕೆಂಪು ಡಬ್ಬಿಯೊಳಗೆ ಏನು ನಡೆಯುತ್ತದೆ ಅಂತ ಅದೇ ಗಾಡಿಯಲ್ಲಿ ಮಲಗಿ ಹೋಗುವ ಪ್ರಯಾಣಿಕರಿಗೂ ಗೊತ್ತಿರಲಿಲ್ಲ. ಈ ಚಿತ್ರ ಆ ಬಾಗಿಲು ತೆಗೆದು ತೋರಿಸುತ್ತದೆ. ಎಲ್ಲವನ್ನೂ ತೋರಿಸಿಲ್ಲ, ಹೌದು. ಆದರೆ ನಮ್ಮ ಕಡೆಯ ಆ ಕೆಲಸದ ಇಂಥ ಒಂದು ಚಿತ್ರ ನಮ್ಮ ಮನೆಯವರ ಕೈಗೆ ಸಿಕ್ಕಿದ್ದರೆ ನಾವು ಎಷ್ಟು ಜೋಪಾನ ಮಾಡುತ್ತಿದ್ದೆವು!

ಕೆಂಪುದೀಪ

ಮೇಡಂ, ಈ ಮಾತಿಗೆ ನಾನು ತಲೆಬಾಗುತ್ತೇನೆ. ಕೆಲಸ ಕಾಣುವಂತೆ ಮಾಡುವುದೇ ಮೊದಲ ಹೆಜ್ಜೆ. ಕೆಲಸಗಾರನ ಕಷ್ಟವನ್ನೂ ತೋರಿಸಬೇಕಿತ್ತು ಅನ್ನುವ ನನ್ನ ಮಾತು ಹಾಗೇ ಇರಲಿ.

ಮೈಕು ಹಿಡಿದವ

ನಾನು ಸೌಂಡ್ ಕೆಲಸ ಮಾಡುವವನು. ಇಷ್ಟು ಜನ ಚಿತ್ರದ ಬಗ್ಗೆ ಮಾತಾಡಿದಿರಿ, ಕಿವಿಯ ಬಗ್ಗೆ ಯಾರೂ ಹೇಳಲಿಲ್ಲ! ನನ್ನ ಪ್ರಕಾರ ಈ ಚಿತ್ರದ ಅರ್ಧ ಶಕ್ತಿ ಸದ್ದಿನಲ್ಲಿದೆ.

ಸದ್ದಿನ ಹೊಣೆ ಹೊತ್ತವರು ಅಲ್ಬೆರ್ಟೊ ಕವಲ್ಕಾಂತಿ. ಬ್ರೆಜಿಲ್‌ನಲ್ಲಿ ಹುಟ್ಟಿ, ಫ್ರಾನ್ಸಿನಲ್ಲಿ ಸಿನಿಮಾ ಮಾಡಿ, ಲಂಡನ್ನಿಗೆ ಬಂದವರು. ಸಂಗೀತ ಬೆಂಜಮಿನ್ ಬ್ರಿಟನ್. ಆಗ ಅವರಿಗೆ ಬರೀ 22 ವರ್ಷ. ಮುಂದೆ ಇಂಗ್ಲೆಂಡಿನ ಬಹಳ ದೊಡ್ಡ ಸಂಗೀತಗಾರ ಆದರು. ಇಲ್ಲಿ ಅವರ ಹತ್ತಿರ ದೊಡ್ಡ ಆರ್ಕೆಸ್ಟ್ರಾ ಇರಲಿಲ್ಲ. ಇದ್ದ ಕೆಲವೇ ವಾದ್ಯಗಳ ಜೊತೆಗೆ ಉಪ್ಪುಕಾಗದ ಉಜ್ಜುವ ಸದ್ದು, ಗಾಳಿ ಯಂತ್ರದ ಸದ್ದು ಸೇರಿಸಿ ಉಗಿಬಂಡಿಯನ್ನು ಕಟ್ಟಿದರು. ಆ ಉಪ್ಪುಕಾಗದದ ‘ಚುಫ್ ಚುಫ್’ ಎಲ್ಲಿ ಮುಗಿಯುತ್ತದೆ, ಎಂಜಿನ್ನಿನ ಉಸಿರು ಎಲ್ಲಿ ಶುರುವಾಗುತ್ತದೆ ಅಂತ ಕೇಳಿ ನೋಡಿ.

ಕೊನೆಯ ಸುಮಾರು 3 ನಿಮಿಷ ಪದ್ಯ ಬರುತ್ತದೆ ನೋಡಿ, ಅಲ್ಲಿ ಗಮನ ಕೊಡಿ. ಗಾಡಿ ಸ್ಕಾಟ್ಲೆಂಡಿನ ಬೀಟಕ್ ಏರು ಹತ್ತುತ್ತಿದೆ. ಪದ್ಯದ ನಡೆ ಮೊದಲು ಅಳತೆಯಲ್ಲಿದೆ, ಚಕ್ರ ತಿರುಗುವ ಲಯಕ್ಕೆ ಸರಿಯಾಗಿ. ಏರು ಮುಗಿದು ಇಳಿಜಾರು ಸಿಕ್ಕ ಮೇಲೆ ಮಾತು ಓಡಲು ಶುರು. ಬ್ಯಾಂಕಿನ ಕಾಗದ, ಪ್ರೀತಿಯ ಕಾಗದ, ಅರ್ಜಿ, ಹರಟೆ, ಸಾವಿನ ಸುದ್ದಿ, ಹೀಗೆ ಕಾಗದಗಳ ದೊಡ್ಡ ಪಟ್ಟಿ. ಓದುವವರಿಗೆ ಉಸಿರು ತೆಗೆದುಕೊಳ್ಳಲು ಎಡೆಯೇ ಇಲ್ಲ. ವೇಗವಾಗಿ ಓದುವ ಆ ದನಿ ಸ್ಟುವರ್ಟ್ ಲೆಗ್ ಅವರದು. ನಿಧಾನದ ಭಾಗ ಗ್ರಿಯರ್ಸನ್ ಅವರದೇ ದನಿ. ಅವರು ಸ್ಕಾಟ್ಲೆಂಡಿನವರು, ಆ ಊರುಗಳ ಹೆಸರು ಅವರ ಬಾಯಲ್ಲಿ ಬೇರೆಯದೇ ರೀತಿ ಕೇಳುತ್ತದೆ.

ಆಡನ್ ಪದ್ಯ ಬರೆದು ಕೊಟ್ಟು ಹೋಗಲಿಲ್ಲ. ಚಿತ್ರದ ಅಳತೆಗೆ ಸಾಲುಗಳನ್ನು ಕೂಡಿಸುತ್ತಾ, ಕಡಿಯುತ್ತಾ, ಸ್ಟಾಪ್‌ವಾಚ್ ಹಿಡಿದು ಕೆಲಸ ಮಾಡಿದರು. ಬಹಳ ಸಾಲುಗಳು ಹೊರಬಿದ್ದವು. ಗಡಿಯ ಬೆಟ್ಟಗಳನ್ನು, ಕೊಂದು ರಾಶಿ ಹಾಕಿದ ಕುದುರೆಗಳಿಗೆ ಹೋಲಿಸಿದ ಸಾಲೊಂದಿತ್ತು. ಆ ಮಾತಿಗೆ ತಕ್ಕ ದೃಶ್ಯ ತೋರಿಸಲು ಆಗುವುದಿಲ್ಲ ಅಂತ ಅದೂ ಹೋಯಿತು. ನಮ್ಮಲ್ಲಿ ಟ್ಯೂನಿಗೆ ಹಾಡು ಬರೆಯುವುದನ್ನು ಕೀಳು ಅನ್ನುವವರಿದ್ದಾರೆ. ಇಲ್ಲಿ ಅಂಥ ದೊಡ್ಡ ಕವಿ ಚಕ್ರದ ತಾಳಕ್ಕೆ ಬರೆದಿದ್ದಾರೆ, ಪದ್ಯ ಸೊರಗಿಲ್ಲ.

ಅಂಚೆಚೀಟಿ ಪ್ರೇಮಿ

ಪದ್ಯ ಮೊದಲಿನ ಯೋಜನೆಯಲ್ಲಿ ಇರಲೇ ಇಲ್ಲ ಅನ್ನುವುದು ಇಲ್ಲಿ ಸೇರಿಸಬೇಕಾದ ವಿಷಯ. ಚಿತ್ರ ಹೆಚ್ಚುಕಡಿಮೆ ಸಿದ್ಧವಾದ ಮೇಲೆ ನೋಡಿದ ಗ್ರಿಯರ್ಸನ್‌ಗೆ ಏನೋ ಕೊರತೆ ಅನ್ನಿಸಿತು. ಕಾಗದ ಹೇಗೆ ಹೋಗುತ್ತದೆ ಅಂತ ತೋರಿಸಿದ್ದೀರಿ. ಆದರೆ ಅದನ್ನು ಬರೆದವರು, ಅದಕ್ಕೆ ಕಾದಿರುವವರು ಎಲ್ಲಿ ಅಂತ ಕೇಳಿದರು. ಅದಕ್ಕೆ ಉತ್ತರವಾಗಿ ಬಂದದ್ದು ಪದ್ಯ. ಹ್ಯಾರಿ ವಾಟ್‌ಗೆ ಪದ್ಯ ಹಾಕುವುದು ಮೊದಲು ಇಷ್ಟವಿರಲಿಲ್ಲ. ಆಮೇಲೆ ಅವರೂ ಒಪ್ಪಿದರು.

ವಾಟ್‌ಗೆ ಇನ್ನೊಂದು ಬೇಸರವೂ ಇತ್ತು. ಶೂಟಿಂಗಿನಲ್ಲಿ ಜಾಸ್ತಿ ದುಡಿದದ್ದು ತಾನು, ಟೈಟಲ್‌ನಲ್ಲಿ ಮಾತ್ರ ಇಬ್ಬರ ಹೆಸರು ಜೊತೆಯಾಗಿ ಬಂತು ಅಂತ. ರೈಟ್ ಕಥೆಯ ಚೌಕಟ್ಟು ಬರೆದವರು. ಅವರವರ ಪಾಲು ಎಷ್ಟು ಅಂತ ಈಗಲೂ ಚರ್ಚೆ ಮಾಡುವವರಿದ್ದಾರೆ.

ಬೀರೂರು ಜಂಕ್ಷನ್

ಹಾಗಾದರೆ ಕೆಂಪುದೀಪ ಅವರ ಪ್ರಶ್ನೆಗೆ ಅರ್ಧ ಉತ್ತರ ಸಿಕ್ಕಿತು ಅಲ್ವಾ? ಬಿಟ್ಟುಹೋದ ಮನುಷ್ಯರ ಬಗ್ಗೆ ಗ್ರಿಯರ್ಸನ್‌ಗೂ ಯೋಚನೆ ಬಂದಿತ್ತು. ಆದರೆ ಅವರಿಗೆ ನೆನಪಾದದ್ದು ಕಾಗದ ಪಡೆಯುವವರು. ವಿಂಗಡಿಸುವವರ ಮನೆ ಕಡೆ ಕ್ಯಾಮೆರಾ ಹೋಗಲಿಲ್ಲ.

ಬೀಟಕ್ ಏರಿನ ಬಗ್ಗೆ ಒಂದು ಮಾತು. ನಮ್ಮವರಿಗೆ ಅದು ಅರ್ಥವಾಗಬೇಕಾದರೆ ಕ್ಯಾಸಲ್‌ರಾಕ್ ನೆನೆಯಬೇಕು. ಬೀಟಕ್‌ನಲ್ಲಿ ಸುಮಾರು 10 ಮೈಲಿ ಉದ್ದ ಏರು. 75 ಅಡಿ ಹೋದರೆ 1 ಅಡಿ ಹತ್ತುವಂಥದ್ದು. ಭಾರದ ಗಾಡಿಗಳಿಗೆ ಹಿಂದಿನಿಂದ ತಳ್ಳಲು ಬೇರೆ ಎಂಜಿನ್ ಇಡುತ್ತಿದ್ದರು. ನಮ್ಮ ಕ್ಯಾಸಲ್‌ರಾಕ್–ಕುಳೆಂ ಘಾಟಿಯಲ್ಲಿ 37 ಅಡಿಗೇ 1 ಅಡಿ. ಸಕಲೇಶಪುರ–ಸುಬ್ರಹ್ಮಣ್ಯ ಘಾಟಿಯಲ್ಲಿ 50ಕ್ಕೆ 1. ಅಲ್ಲೆಲ್ಲ ಹಿಂದೆ ಬ್ಯಾಂಕರ್ ಎಂಜಿನ್ ಇಲ್ಲದೆ ಕೆಲಸ ನಡೆಯುವುದಿಲ್ಲ. ಲೆಕ್ಕದಲ್ಲಿ ನಮ್ಮ ಘಾಟಿ ಬೀಟಕ್‌ಗಿಂತ ಎಷ್ಟೋ ಕಡಿದು. ಆದರೆ ಉಗಿಬಂಡಿಯವನಿಗೆ 10 ಮೈಲಿ ಬಿಡದೆ ಬೆಂಕಿಗೆ ಕಲ್ಲಿದ್ದಲು ಹಾಕುವುದು ಸಣ್ಣ ಮಾತಲ್ಲ.

ಎಂಜಿನ್ ಬಗ್ಗೆ ಕೇಳುವವರಿಗೆ: ಚಿತ್ರದಲ್ಲಿ ಕಾಣುವುದು ಎಲ್‌ಎಂಎಸ್ ಅನ್ನುವ ರೈಲು ಕಂಪನಿಯ ರಾಯಲ್ ಸ್ಕಾಟ್ ವರ್ಗದ 6115ನೇ ನಂಬರಿನದು, ‘ಸ್ಕಾಟ್ಸ್ ಗಾರ್ಡ್ಸ್‌ಮನ್’. ಗುಜರಿಗೆ ಹೋಗದೆ ಉಳಿದಿದೆ. ಈಗ ಅದರ ಮೇಲಿನ ನಂಬರು 46115.

ಗ್ಲಾಸ್ಗೋ ಕನ್ನಡತಿ

ನಮಸ್ಕಾರ. ನಾನು ಗ್ಲಾಸ್ಗೋದಲ್ಲಿ ಇದ್ದೇನೆ. ಲಂಡನ್ನಿಗೆ ಹೋಗಿಬರುವಾಗ ಇದೇ ಹಳಿ. ಬೀಟಕ್ ಏರನ್ನು ಈಗ ಗಮನಿಸುವುದೇ ಕಷ್ಟ. 1974ರಲ್ಲಿ ಗ್ಲಾಸ್ಗೋವರೆಗೂ ವಿದ್ಯುತ್ ಬಂತು. ಈಗಿನ ಗಾಡಿಗಳು ಆ ಏರನ್ನು ಸಲೀಸಾಗಿ ದಾಟಿಬಿಡುತ್ತವೆ. ಬೀಟಕ್ ನಿಲ್ದಾಣ 1972ರಲ್ಲೇ ಮುಚ್ಚಿತು. ಪಕ್ಕದಲ್ಲೇ ಮೋಟಾರು ರಸ್ತೆ. ಬೆಟ್ಟ, ಕುರಿ, ಮಂಜು ಮಾತ್ರ ಚಿತ್ರದಲ್ಲಿ ಇದ್ದ ಹಾಗೇ ಇವೆ.

ಚಿತ್ರ ನೋಡಿದ ಮೇಲೆ ನಾನು ಆ ದಾರಿಯಲ್ಲಿ ಫೋನ್ ಕೆಳಗಿಟ್ಟು ಕಿಟಕಿ ಕಡೆ ಕೂರುತ್ತೇನೆ. ಮುಂಜಾನೆ ಬೆಳಕಿನಲ್ಲಿ ಆ ಬೋಳು ಗುಡ್ಡಗಳು ಬಂದಾಗ ಪದ್ಯದ ನಿಧಾನದ ಭಾಗ ತಾನಾಗಿ ನೆನಪಾಗುತ್ತದೆ.

ಇಲ್ಲಿನ ಟಪಾಲು ರೈಲಿನ ಕಥೆ ಮುಗಿದಿದೆ. ಓಡುವ ಗಾಡಿಯಲ್ಲಿ ಚೀಲ ಹಿಡಿಯುವುದು 1971ರಲ್ಲಿ ನಿಂತಿತು. ಗಾಡಿಯೊಳಗೆ ಕಾಗದ ವಿಂಗಡಿಸುವುದು 2004ರ ಜನವರಿಯಲ್ಲಿ ನಿಂತಿತು. ಶುರುವಾದದ್ದು 1838ರ ಜನವರಿಯಲ್ಲಿ, ಕುದುರೆ ಸಾಗಿಸುವ ಒಂದು ಡಬ್ಬಿಯನ್ನು ಬದಲಾಯಿಸಿಕೊಂಡು. ಅಂದರೆ 166 ವರ್ಷ. ವಿಂಗಡಿಸಿದ ಟಪಾಲನ್ನು ಸಾಗಿಸಲು ರಾಯಲ್ ಮೇಲ್ ತನ್ನದೇ ರೈಲುಗಳನ್ನು ಇಟ್ಟುಕೊಂಡಿತ್ತು. 2024ರ ಅಕ್ಟೋಬರ್‌ನಲ್ಲಿ ಅವೂ ನಿಂತವು.

ಹಳಿಪಕ್ಕದವನು

ಇದೇ ಹಳಿಯ ಇನ್ನೊಂದು ಕಥೆ ಬಹಳ ಜನಕ್ಕೆ ಗೊತ್ತು. 1963ರ ಆಗಸ್ಟ್ 8ರ ನಸುಕಿನಲ್ಲಿ ನಡೆದ ದೊಡ್ಡ ರೈಲು ದರೋಡೆ. ಗ್ಲಾಸ್ಗೋದಿಂದ ಯೂಸ್ಟನ್‌ಗೆ ಬರುತ್ತಿದ್ದ ಟಪಾಲು ರೈಲನ್ನು ಸುಳ್ಳು ಸಿಗ್ನಲ್ ತೋರಿಸಿ ನಿಲ್ಲಿಸಿ ಸುಮಾರು 26 ಲಕ್ಷ ಪೌಂಡ್ ದೋಚಿದರು. ಅಂದರೆ ನಮ್ಮ ಚಿತ್ರದ ರೈಲಿನ ಎದುರು ದಿಕ್ಕಿನ ಜೋಡಿ. ಆ ದರೋಡೆ ಬಗ್ಗೆ ಎಷ್ಟು ಸಿನಿಮಾ, ಎಷ್ಟು ಪುಸ್ತಕ! ತಲೆಗೆ ಪೆಟ್ಟು ತಿಂದ ಚಾಲಕ ಜ್ಯಾಕ್ ಮಿಲ್ಸ್ ಹೆಸರು ಹೇಳುವವರು ಕಡಿಮೆ. ಅದಕ್ಕೇ ನನಗೆ ಈ 24 ನಿಮಿಷ ಜಾಸ್ತಿ ಮುಖ್ಯ. ಏನೂ ಕೆಟ್ಟದ್ದು ಆಗದ ರಾತ್ರಿಯ ಬಗ್ಗೆಯೂ ಒಂದು ಚಿತ್ರ ಮಾಡಬಹುದು ಅಂತ ಇವರು ತೋರಿಸಿದರು.

ಅಂಚೆಚೀಟಿ ಪ್ರೇಮಿ

ಸಾರ್ಟರ್ ಮಗಳು ಮೇಡಂಗೆ ಒಂದು ಮಾತು. ಆರ್‌ಎಂಎಸ್ ಠಸ್ಸೆಗಳನ್ನು ಸಂಗ್ರಹ ಮಾಡುವವರು ಬಹಳ ಜನ ಇದ್ದೇವೆ. ಹಳೆ ಲಕೋಟೆಯ ಹಿಂಭಾಗ ನೋಡಿದರೆ ದುಂಡನೆ ಠಸ್ಸೆಯಲ್ಲಿ ಸೆಕ್ಷನ್ ಹೆಸರು, ಸೆಟ್ ನಂಬರು, ತಾರೀಖು ಇರುತ್ತದೆ. ಯಾವ ರಾತ್ರಿ ಯಾವ ತಂಡ ಆ ಕಾಗದ ಮುಟ್ಟಿತು ಅಂತ ಅದರಿಂದ ತಿಳಿಯುತ್ತದೆ. ನಿಮ್ಮ ತಂದೆಯ ಕಾಲದ ಕಾಗದಗಳು ಮನೆಯಲ್ಲಿದ್ದರೆ ಬಿಸಾಡಬೇಡಿ. ಚೀಟಿ ಕತ್ತರಿಸಿ ಇಟ್ಟುಕೊಂಡು ಲಕೋಟೆ ಎಸೆಯುವುದಂತೂ ಬೇಡವೇ ಬೇಡ.

ಲೇಟ್ ಫೀ ಅಂತ ಒಂದಿತ್ತು, ನೆನಪಿದೆಯಾ? ಊರಿನ ಅಂಚೆಪೆಟ್ಟಿಗೆಯಿಂದ ಕಾಗದ ತೆಗೆಯುವ ಹೊತ್ತು ಮೀರಿದ್ದರೆ ಸ್ವಲ್ಪ ಹೆಚ್ಚಿನ ಚೀಟಿ ಅಂಟಿಸಿ ಸ್ಟೇಷನ್ನಿಗೆ ಓಡಿ ಮೇಲ್ ಡಬ್ಬಿಗೇ ಕಾಗದ ಹಾಕಬಹುದಿತ್ತು.

ಟಪಾಲು ಸಾರ್ಟರ್ ಮಗಳು

ನೆನಪಿಲ್ಲದೆ ಏನು! ಕೆಲಸದ ಅರ್ಜಿ ಹಿಡಿದುಕೊಂಡು ಕೊನೇ ಗಳಿಗೆಯಲ್ಲಿ ಓಡಿಬರುವ ಹುಡುಗರ ಬಗ್ಗೆ ಅಪ್ಪ ಹೇಳುತ್ತಿದ್ದರು. ಗಾಡಿ ಸೀಟಿ ಹಾಕಿರುತ್ತದೆ, ಹುಡುಗ ಪ್ಲಾಟ್‌ಫಾರಂ ಉದ್ದಕ್ಕೂ ಓಡಿ ಬಂದು ಲಕೋಟೆ ಕೈಗಿಡುತ್ತಾನೆ. ಅಂಥ ಕಾಗದವನ್ನು ಇವರು ಮೊದಲು ಗೂಡಿಗೆ ಹಾಕುತ್ತಿದ್ದರಂತೆ.

ಅಪ್ಪನ ಕೆಲಸದ ಕೊನೆಯ ವರ್ಷಗಳಲ್ಲಿ ಗಾಡಿಯಲ್ಲಿ ವಿಂಗಡಿಸುವುದು ಕಡಿಮೆಯಾಗುತ್ತಾ ಬಂತು. ಕೆಲಸ ಊರಿನ ದೊಡ್ಡ ಕಚೇರಿಗಳಿಗೆ ಹೋಯಿತು. ಗಾಡಿಯಲ್ಲಿ ಉಳಿದದ್ದು ಚೀಲ ಹತ್ತಿಸುವುದು, ಇಳಿಸುವುದು. ಅಪ್ಪನಿಗೆ ರಾತ್ರಿ ನಿದ್ದೆ ಸಿಕ್ಕಿತು. ಆದರೆ ನಿವೃತ್ತಿಯಾದ ಮೇಲೂ ಮದುವೆ ಕರೆಯೋಲೆ ಮನೆಗೆ ಬಂದರೆ ಮೊದಲು ವಿಳಾಸ ಓದುತ್ತಿದ್ದರು, ಆಮೇಲೆ ಒಳಗೆ ಯಾರ ಮದುವೆ ಅಂತ ನೋಡುತ್ತಿದ್ದರು.

ಮೈಕು ಹಿಡಿದವ

ಮೇಡಂ, ನಿಮ್ಮ ತಂದೆಯ ಮಾತುಗಳನ್ನು ರೆಕಾರ್ಡ್ ಮಾಡಿದ್ದೀರಾ? ಇಲ್ಲವಾದರೆ ಈ ವಾರವೇ ಮಾಡಿ. ಫೋನ್ ಸಾಕು. ಫ್ಯಾನ್ ಆಫ್ ಮಾಡಿ, ಫೋನನ್ನು ಅವರ ಹತ್ತಿರ ಒಂದು ಟವೆಲ್ ಮೇಲೆ ಇಡಿ. ‘ಚೀಲ ಬಿಚ್ಚಿದಲ್ಲಿಂದ ಮುದ್ರೆ ಒತ್ತುವವರೆಗೆ ಹೇಳಿ’ ಅಂತ ಕೇಳಿ. ಕೈಗೆ ಒಂದಷ್ಟು ಹಳೆ ಲಕೋಟೆ ಕೊಡಿ, ಮಾತು ತಾನಾಗಿ ಬರುತ್ತದೆ. ಈ ಚಿತ್ರದಲ್ಲಿ ಅಂಚೆಯವರ ಮಾತು ಸಹಜವಾಗಿ ಕೇಳುವುದಕ್ಕೂ ಕೈಯಲ್ಲಿ ಕೆಲಸ ಇರುವುದೇ ಕಾರಣ.

ಟಪಾಲು ಸಾರ್ಟರ್ ಮಗಳು

ಖಂಡಿತ ಮಾಡುತ್ತೇನೆ ಸರ್. ಅಪ್ಪನಿಗೆ ಈಗ ಕಿವಿ ಸ್ವಲ್ಪ ಮಂದ. ಆದರೆ ಈ ವಿಷಯ ಅಂದರೆ ಗಂಟೆಗಟ್ಟಲೆ ಮಾತಾಡುತ್ತಾರೆ.

ಹಳ್ಳಿಶಾಲೆ ಮೇಷ್ಟ್ರು

ಚರ್ಚೆ ಪೂರ್ತಿ ಓದಿದೆ. ಒಂದು ಸಹಾಯ ಬೇಕು. ನಮ್ಮ ಶಾಲೆಯ 8ನೇ ತರಗತಿ ಮಕ್ಕಳಿಗೆ ಇದನ್ನು ತೋರಿಸಬೇಕು ಅಂತಿದ್ದೇನೆ. ಬಹಳ ಮಕ್ಕಳಿಗೆ ಮನೆಗೆ ಕಾಗದ ಬಂದ ನೆನಪೇ ಇಲ್ಲ. ಇಂಗ್ಲಿಷ್ ಮಾತು ತಿಳಿಯುವುದಿಲ್ಲ. ಹೇಗೆ ತೋರಿಸಿದರೆ ಒಳ್ಳೆಯದು?

ಹಳಿಪಕ್ಕದವನು

ಮೇಷ್ಟ್ರೇ, 24 ನಿಮಿಷವನ್ನೂ ಒಂದೇ ಸಲ ಬೇಡ. ಮೊದಲು ಚೀಲ ಎಸೆಯುವ ಭಾಗ ತೋರಿಸಿ. ಮಾತು ಇಲ್ಲದೆಯೂ ತಿಳಿಯುತ್ತದೆ. ತೋಳು ಹೊರಗೆ ಹಾಕುವ ಮುಂಚೆ ನಿಲ್ಲಿಸಿ, ‘ಕತ್ತಲಲ್ಲಿ ಅವನಿಗೆ ಜಾಗ ಹೇಗೆ ಗೊತ್ತಾಗುತ್ತದೆ?’ ಅಂತ ಕೇಳಿ. ಮಕ್ಕಳು ಉತ್ತರ ಹುಡುಕಲಿ. ಆಮೇಲೆ ಬಡಿತ ಎಣಿಸುತ್ತಾ ನೋಡಲಿ.

ಮೈಕು ಹಿಡಿದವ

ಪದ್ಯದ ಭಾಗವನ್ನು ಒಮ್ಮೆ ಚಿತ್ರ ಇಲ್ಲದೆ ಕೇಳಿಸಿ. ಗಾಡಿ ಎಲ್ಲಿ ಹತ್ತುತ್ತಿದೆ, ಎಲ್ಲಿ ಓಡುತ್ತಿದೆ ಅಂತ ಬೆರಳಲ್ಲಿ ತಾಳ ಹಾಕಿ ಹೇಳಲಿ. ಒಂದು ಶಬ್ದ ತಿಳಿಯದಿದ್ದರೂ ಹೇಳುತ್ತಾರೆ. ಉಪ್ಪುಕಾಗದ ಎರಡು ತುಂಡು ತನ್ನಿ, ಅವರೇ ರೈಲು ಮಾಡಲಿ.

ಕೆಂಪುದೀಪ

ಆಮೇಲೆ ದಯವಿಟ್ಟು ಈ ಪ್ರಶ್ನೆಯನ್ನೂ ಕೇಳಿ: ‘ಇವರು ಬೆಳಿಗ್ಗೆ ಮನೆಗೆ ಹೋದ ಮೇಲೆ ಏನು ಮಾಡುತ್ತಾರೆ?’ ಪಾಳಿಯಲ್ಲಿ ದುಡಿಯುವ ಅಪ್ಪ ಅಮ್ಮ ಇರುವ ಮಕ್ಕಳು ನಿಮ್ಮ ತರಗತಿಯಲ್ಲೂ ಇರಬಹುದು. ಅವರಿಗೆ ಹೇಳಲಿಕ್ಕೆ ಬಹಳ ಇರುತ್ತದೆ.

ಟಪಾಲು ಸಾರ್ಟರ್ ಮಗಳು

ಮೇಷ್ಟ್ರೇ, ಅಪ್ಪ ಒಂದು ಉಪಾಯ ಹೇಳಿದರು. ಹಳೆ ಚಪ್ಪಲಿ ಡಬ್ಬಗಳನ್ನು ಜೋಡಿಸಿ ಗೂಡು ಮಾಡಿ. ಪಿನ್ ಕೋಡಿನ ಮೊದಲ ಮೂರು ಅಂಕಿಗೆ ಒಂದೊಂದು ಗೂಡು. 560 ಬೆಂಗಳೂರು, 570 ಮೈಸೂರು, 575 ಮಂಗಳೂರು, 577 ಅಂದರೆ ಶಿವಮೊಗ್ಗ ಕಡೆ, 580 ಧಾರವಾಡ ಹುಬ್ಬಳ್ಳಿ, 583 ಬಳ್ಳಾರಿ, 585 ಕಲಬುರಗಿ, 590 ಬೆಳಗಾವಿ. ಪಿನ್ ಕೋಡ್ ಬಂದದ್ದು 1972ರ ಆಗಸ್ಟ್ 15ಕ್ಕೆ. ಅದಕ್ಕಿಂತ ಮುಂಚೆ ಊರ ಹೆಸರೇ ಗತಿ. ಹಾಗಾಗಿ ಒಂದು ಸುತ್ತು ಪಿನ್ ಇರುವ ಲಕೋಟೆ ಕೊಡಿ. ಇನ್ನೊಂದು ಸುತ್ತು ಬರೀ ಹಳ್ಳಿ, ತಾಲ್ಲೂಕಿನ ಹೆಸರಿರುವ ಲಕೋಟೆ ಕೊಡಿ. ಎರಡನೇ ಸುತ್ತಿಗೆ ಎಷ್ಟು ಹೊತ್ತು ಹಿಡಿಯುತ್ತದೆ ಅಂತ ಅವರಿಗೇ ಗೊತ್ತಾಗುತ್ತದೆ.

ಹಳ್ಳಿಶಾಲೆ ಮೇಷ್ಟ್ರು

ಬಹಳ ಚೆನ್ನಾಗಿದೆ ಮೇಡಂ, ತಂದೆಯವರಿಗೆ ನನ್ನ ನಮಸ್ಕಾರ ತಿಳಿಸಿ. ಶನಿವಾರ ಮಾಡುತ್ತೇವೆ. ಎರಡನೇ ಸುತ್ತಿಗೆ ಹಳ್ಳಿ ಹೆಸರು ಬೇಕು. ನಿಮ್ಮೂರು, ತಾಲ್ಲೂಕು, ಜಿಲ್ಲೆ ಮಾತ್ರ ಇಲ್ಲಿ ಬರೆಯಿರಿ. ಒಂದೇ ಹೆಸರಿನ ಎರಡು ಊರು ಗೊತ್ತಿದ್ದರೆ ಎರಡನ್ನೂ ಹಾಕಿ.

ಬೀರೂರು ಜಂಕ್ಷನ್

ನನ್ನಿಂದ ಮೊದಲನೆಯದು: ಬೀರೂರು, ಕಡೂರು ತಾಲ್ಲೂಕು, ಚಿಕ್ಕಮಗಳೂರು ಜಿಲ್ಲೆ. ಎರಡನೆಯದು ಮಕ್ಕಳನ್ನು ಯೋಚನೆಗೆ ಹಚ್ಚಲಿ: ಹೊಸಹಳ್ಳಿ. ತಾಲ್ಲೂಕು ಬರೆಯಬೇಡಿ, ಯಾವ ಗೂಡಿಗೆ ಹಾಕುತ್ತಾರೆ ನೋಡಿ.